ಬ್ಯಾಕಪ್ ಕಂಪ್ರೆಸ್ ಮಾಡೋವಾಗ ಹ್ಯಾಶ್ ಮೊದಲು ತೆಗೀಬೇಕಾ, ಆಮೇಲಾ?

ಎರಡೂ ಸಲ ತೆಗೀರಿ. ಹ್ಯಾಶ್ ಅಂದ್ರೆ ಫೈಲಿನ ಡೇಟಾದಿಂದ ಲೆಕ್ಕ ಹಾಕಿ ತೆಗೆಯೋ ಚಿಕ್ಕ ಕೋಡ್, ಡೇಟಾ ಒಂದಕ್ಷರ ಬದಲಾದ್ರೂ ಅದು ಬೇರೆಯಾಗತ್ತೆ. ತುಂಬಾ ಜನ ಫೋಲ್ಡರ್ ಪ್ಯಾಕ್ ಮಾಡಿ ಆ ಆರ್ಕೈವ್‌ದು ಒಂದು ಹ್ಯಾಶ್ ಬರೆದಿಟ್ಕೊಂಡು ಸಾಕು ಅಂದ್ಕೋತಾರೆ, ಆದ್ರೆ ಅದೇ ಫೋಲ್ಡರನ್ನ ನಾಳೆ ಮತ್ತೆ ಪ್ಯಾಕ್ ಮಾಡಿದ್ರೆ ಒಳಗೆ ಒಂದಕ್ಷರ ಬದಲಾಗದಿದ್ರೂ ಹ್ಯಾಶ್ ಪೂರ್ತಿ ಬೇರೆ ಬರಬಹುದು. ಟಾರ್ (ಎಲ್ಲಾ ಫೈಲನ್ನ ಒಂದೇ ಫೈಲಾಗಿ ಕಟ್ಟೋ ಆರ್ಕೈವ್) ಒಳಗೆ ಪ್ರತಿ ಫೈಲಿನ ತಾರೀಖು, ಓನರ್ ಎಲ್ಲಾ ಸೇರಿರತ್ತೆ, ಫೈಲ್‌ಗಳು ಹೋದ ಆರ್ಡರ್ ಬೇರೆಯಾದ್ರೂ ವ್ಯತ್ಯಾಸ, ಕಂಪ್ರೆಸರ್ ವರ್ಷನ್ ಬದಲಾದ್ರೂ ವ್ಯತ್ಯಾಸ. ಹಾಗಾಗಿ ಆರ್ಕೈವ್ ಹ್ಯಾಶ್‌ನಿಂದ ಆ ಒಂದು ಕಾಪಿ ಕೆಟ್ಟಿಲ್ಲ ಅಂತ ಮಾತ್ರ ಗೊತ್ತಾಗತ್ತೆ, ಒಳಗಿನ ಡೇಟಾಗೆ ಬೇರೆ ಲಿಸ್ಟೇ ಬೇಕು.

ಮೊದಲು ಆ ಲಿಸ್ಟ್ ಮಾಡ್ಕೊಳ್ಳಿ. ಲಿನಕ್ಸಲ್ಲಿ ಎಸ್‌ಎಚ್‌ಎ256ಸಮ್ ಅನ್ನೋ ಕಮಾಂಡ್ ಇದೆ, ಎಸ್‌ಎಚ್‌ಎ-256 ಅನ್ನೋ ವಿಧಾನದಲ್ಲಿ ಹ್ಯಾಶ್ ತೆಗೆಯತ್ತೆ, ಎಲ್ಲಾ ಸಣ್ಣಕ್ಷರ, ಮಧ್ಯ ಸ್ಪೇಸ್ ಇಲ್ಲ. ಫೋಲ್ಡರ್ ಒಳಗೆ ಹೋಗಿ ಅಲ್ಲಿಂದ್ಲೇ ಫೈಲ್ ಹುಡುಕೋ ಫೈಂಡ್ ಕಮಾಂಡ್ ಜೊತೆ ಓಡಿಸಿ, ಆಗ ಪಾತ್‌ಗಳು ಆ ಫೋಲ್ಡರಿಂದ ಶುರುವಾಗತ್ತೆ, ನಾಳೆ ಬೇರೆ ಮೆಷಿನ್ನಲ್ಲಿ ಬಿಚ್ಚಿದ್ರೂ ಚೆಕ್ ಮಾಡಬಹುದು. ಔಟ್‌ಪುಟ್ ಲಿಸ್ಟ್ ಮಾತ್ರ ಫೋಲ್ಡರಿನ ಹೊರಗೆ ಸೇವ್ ಮಾಡಿ, ಒಳಗಿದ್ರೆ ಬರೀತಿರೋ ಲಿಸ್ಟಿನದ್ದೇ ಹ್ಯಾಶ್ ಅರ್ಧಕ್ಕೆ ಸೇರ್ಕೊಂಡು ಆಮೇಲೆ ಮ್ಯಾಚ್ ಆಗಲ್ಲ. ವಿಂಡೋಸಲ್ಲಾದ್ರೆ ಪವರ್‌ಶೆಲ್‌ನ ಗೆಟ್-ಫೈಲ್‌ಹ್ಯಾಶ್, ಏನೂ ಹೇಳದಿದ್ರೆ ಅದು ಎಸ್‌ಎಚ್‌ಎ-256 ಅನ್ನೇ ತಗೊಳತ್ತೆ.

ಹಳೇ ಹ್ಯಾಶ್ ವಿಧಾನ ಎಂಡಿ5 ಸಾಕಲ್ವಾ ಅಂತ ಕೇಳ್ತಾರೆ. ಡಿಸ್ಕ್ ತಾನಾಗೇ ಕೆಟ್ಟಿದ್ದನ್ನ ಹಿಡಿಯೋಕೆ ಸಾಕು, ಆದ್ರೆ ಒಂದೇ ಹ್ಯಾಶ್ ಬರೋ ಎರಡು ಬೇರೆ ಫೈಲ್ ಮಾಡೋದು ಹೇಗೆ ಅಂತ 2004ರಲ್ಲೇ ತೋರಿಸಿದ್ದಾರೆ, ಇನ್ನೊಂದು ಹಳೇ ವಿಧಾನ ಎಸ್‌ಎಚ್‌ಎ-1ಗೂ 2017ರಲ್ಲಿ ಗೂಗಲ್ ಮತ್ತೆ ನೆದರ್‌ಲ್ಯಾಂಡ್ಸ್‌ನ ಸಿಡಬ್ಲ್ಯುಐ ಸಂಶೋಧನಾ ಸಂಸ್ಥೆ ಸೇರಿ ಎರಡು ಪಿಡಿಎಫ್ ಇಟ್ಟು ಅದನ್ನೇ ಮಾಡಿ ತೋರಿಸಿದ್ರು. ಹೊಸದಾಗಿ ಶುರು ಮಾಡೋರು ಎಸ್‌ಎಚ್‌ಎ-256 ಬಿಟ್ಟು ಕೆಳಗಿಳಿಯೋಕೆ ಕಾರಣವೇ ಇಲ್ಲ. ಝಿಪ್, ಜಿಝಿಪ್ ಕಂಪ್ರೆಸ್ ಫೈಲ್ ಒಳಗೆ ಇರೋ ಸಿಆರ್‌ಸಿ32 ಅನ್ನೋ ಚೆಕ್ ಸಂಖ್ಯೆ ನೋಡಿ ಧೈರ್ಯ ತಗೋಬೇಡಿ, ಅದು ಬರೀ 32 ಬಿಟ್, ಅದೇ ಫೈಲ್ ಒಳಗೇ ಕೂತಿರತ್ತೆ, ಡೇಟಾ ತಿದ್ದೋನು ಅದನ್ನೂ ತಿದ್ದಬಹುದು. ನಿಮ್ಮ ಹ್ಯಾಶ್ ಲಿಸ್ಟ್‌ಗೂ ಇದೇ ಮಾತು, ಬ್ಯಾಕಪ್ ಇರೋ ಡಿಸ್ಕಲ್ಲೇ ಇಡಬೇಡಿ, ಬೇರೆ ಕಡೆ ಒಂದು ಕಾಪಿ ಇರ್ಲಿ.

ಈಗ ಕಂಪ್ರೆಷನ್. ಮತ್ತೆ ಮತ್ತೆ ಬರೋ ತುಂಡುಗಳನ್ನ 'ಇಷ್ಟು ಹಿಂದೆ ಹೋಗಿ ಇಷ್ಟು ಬೈಟ್ ತಗೋ' ಅಂತ ಬರೆಯೋದು 1977ರ ಲೆಂಪೆಲ್, ಝಿವ್ ಐಡಿಯಾ, ಜಾಸ್ತಿ ಬರೋ ಚಿಹ್ನೆಗೆ ಚಿಕ್ಕ ಕೋಡ್ ಕೊಡೋದು 1952ರ ಹಫ್‌ಮನ್ ಐಡಿಯಾ, ಜಿಝಿಪ್ ಅಂದ್ರೆ ಇವೆರಡೂ ಸೇರಿದ್ದು. ಅದು ಹಿಂದೆ ನೋಡೋದು 32 ಕೆಬಿ ಅಷ್ಟೇ, ಹಾಗಾಗಿ ದೊಡ್ಡ ಲಾಗ್ ಫೈಲಲ್ಲಿ ದೂರ ದೂರ ಇರೋ ರಿಪೀಟ್ ಅದರ ಕಣ್ಣಿಗೇ ಬೀಳಲ್ಲ. ಎಕ್ಸ್‌ಝಡ್ ಅನ್ನೋ ಕಂಪ್ರೆಸರ್ ತುಂಬಾ ದೂರ ನೋಡತ್ತೆ, ಚೆನ್ನಾಗಿ ಕುಗ್ಗಿಸತ್ತೆ, ಆದ್ರೆ ನಿಧಾನ, 9ನೇ ಲೆವೆಲ್‌ನಲ್ಲಿ ಒಂದು ಥ್ರೆಡ್‌ಗೇ ಸುಮಾರು 674 ಎಂಬಿ ರ್‍ಯಾಮ್ ತಿನ್ನತ್ತೆ. ನಾನು ಹೇಳೋದು 2016ರಲ್ಲಿ ಫೇಸ್‌ಬುಕ್ ಬಿಟ್ಟ ಝಡ್‌ಸ್ಟ್ಯಾಂಡರ್ಡ್ ಅನ್ನೋ ಕಂಪ್ರೆಸರ್. ಡೀಫಾಲ್ಟ್ ಲೆವೆಲ್ 3 ದಿನನಿತ್ಯಕ್ಕೆ ಸಾಕು, ಒಂದ್ಸಲ ಪ್ಯಾಕ್ ಮಾಡಿ ವರ್ಷಗಟ್ಲೆ ಇಡೋದಾದ್ರೆ 19 ಹಾಕಿ, ಬಿಚ್ಚೋ ಸ್ಪೀಡ್ ಹೆಚ್ಚುಕಮ್ಮಿ ಅಷ್ಟೇ ಇರತ್ತೆ.

ಜೆಪೆಗ್ ಫೋಟೋ, ಎಂಪಿ4 ವಿಡಿಯೋಗೆ ಯಾವ ಲೆವೆಲ್ ಹಾಕಿದ್ರೂ ವೇಸ್ಟ್, ಅವು ಆಗ್ಲೇ ಕುಗ್ಗಿರತ್ತೆ, ಒಮ್ಮೊಮ್ಮೆ ಸೈಜ್ ಸ್ವಲ್ಪ ಜಾಸ್ತಿನೇ ಆಗತ್ತೆ. ಬರೀ ಟಾರ್ ಮಾಡಿ ಬಿಡಿ. ಎನ್‌ಕ್ರಿಪ್ಟ್ ಮಾಡೋದಿದ್ರೆ ಕಂಪ್ರೆಸ್ ಆದ್ಮೇಲೇ ಮಾಡಿ, ಎನ್‌ಕ್ರಿಪ್ಟ್ ಆದ ಡೇಟಾದಲ್ಲಿ ರಿಪೀಟ್ ಅನ್ನೋದೇ ಉಳಿಯಲ್ಲ. ಇನ್ನೊಂದು, ಜಿಝಿಪ್ ಸೀದಾ ಫೈಲ್ ಮೇಲೆ ಓಡಿಸಿದ್ರೆ ಒರಿಜಿನಲ್ ಡಿಲೀಟ್ ಮಾಡಿಬಿಡತ್ತೆ, ಉಳೀಬೇಕಂದ್ರೆ ಕೀಪ್ ಆಪ್ಶನ್ ಕೊಡಿ.

ಕೊನೇಲಿ ಸಿಕ್ಕಿದ ಆರ್ಕೈವ್‌ಗೆ ಎರಡನೇ ಹ್ಯಾಶ್ ತೆಗೆದು ಅದನ್ನೂ ಆ ಲಿಸ್ಟ್ ಜೊತೆಗೆ ಇಡಿ, ಕಾಪಿ ಮಾಡಿದಾಗೆಲ್ಲ ಬರೀ ಇದನ್ನ ನೋಡಿದ್ರೆ ಸಾಕು. ಒರಿಜಿನಲ್ ಅಳಿಸೋ ಮುಂಚೆ ಮಾತ್ರ ಖಾಲಿ ಫೋಲ್ಡರಲ್ಲಿ ಒಂದ್ಸಲ ಬಿಚ್ಚಿ, ಮೊದಲನೇ ಲಿಸ್ಟನ್ನ ಎಸ್‌ಎಚ್‌ಎ256ಸಮ್‌ಗೆ ಚೆಕ್ ಆಪ್ಶನ್ ಜೊತೆ ಕೊಟ್ಟು ಓಡಿಸಿ, ಕ್ವಯಟ್ ಅಂತ ಸೇರಿಸಿದ್ರೆ ಫೇಲ್ ಆದ ಫೈಲ್ ಮಾತ್ರ ತೋರಿಸತ್ತೆ. ಲಿಸ್ಟಲ್ಲಿದ್ದು ಕಾಣೆಯಾದ ಫೈಲನ್ನೂ ಹೇಳತ್ತೆ, ಆದ್ರೆ ಲಿಸ್ಟಲ್ಲೇ ಇಲ್ಲದ ಹೊಸ ಫೈಲ್ ಸೇರ್ಕೊಂಡಿದ್ರೆ ಅದಕ್ಕೆ ಗೊತ್ತಾಗಲ್ಲ, ಹಾಗಾಗಿ ಫೈಲ್‌ಗಳ ಒಟ್ಟು ಲೆಕ್ಕ ಲಿಸ್ಟಿನ ಸಾಲುಗಳಿಗೆ ಸಮ ಇದೆಯಾ ಅಂತ ನೀವೇ ಎಣಿಸಿ ನೋಡಿ.