ಜಾನುವಾರು ರೋಗಗಳ ಊರ ಹೆಸರುಗಳನ್ನು ಅರ್ಥಮಾಡಿಕೊಳ್ಳುವ ಬಗೆ

ರೈತರು ರೋಗವೊಂದಕ್ಕೆ ಇಟ್ಟಿರುವ ಹೆಸರಿನಲ್ಲಿ ಅವರು ಕಣ್ಣಾರೆ ಕಂಡ ಯಾವುದೋ ಒಂದು ಲಕ್ಷಣ ಸಾಮಾನ್ಯವಾಗಿ ಇರುತ್ತದೆ. ಬಾವು ಬಂದ ಜಾಗ, ರೋಗ ಬರುವ ಕಾಲ, ಅದು ಉಳಿಯುವ ದಿನಗಳು, ಅಥವಾ ಅದರಿಂದಾಗುವ ನಷ್ಟ, ಇವುಗಳಲ್ಲಿ ಒಂದನ್ನು ಹಿಡಿದು ಹೆಚ್ಚಿನ ಹೆಸರುಗಳು ಹುಟ್ಟಿರುತ್ತವೆ. ಆದ್ದರಿಂದ ಹೊಸದಾಗಿ ಹಳ್ಳಿಗೆ ಬಂದ ಪಶುವೈದ್ಯರಾಗಲಿ, ಊರಿನ ಜಾನುವಾರುಗಳ ಆರೈಕೆಗೆ ನೆರವಾಗುವ ಪಶುಸಖಿಯರಾಗಲಿ, ಮೊದಲ ಬಾರಿಗೆ ಹಸು ಕಟ್ಟಿದವರಾಗಲಿ ಆ ಹೆಸರನ್ನು ರೈತರ ಸಾಕ್ಷ್ಯವೆಂದು ಗೌರವದಿಂದ ಕೇಳಿಸಿಕೊಳ್ಳಬೇಕು. ಆದರೆ ಅದನ್ನೇ ರೋಗನಿರ್ಣಯವೆಂದು ತಿಳಿದು ಔಷಧಕ್ಕೆ ಕೈ ಹಾಕಬಾರದು.

ಮೊದಲು ಯಾವ ಪ್ರಾಣಿಯ ಮಾತು ನಡೆಯುತ್ತಿದೆ ಎಂಬುದನ್ನು ಖಚಿತಪಡಿಸಿಕೊಳ್ಳಿ. ಹಳೆ ಮೈಸೂರಿನ ಹಸು ಉತ್ತರ ಕರ್ನಾಟಕದಲ್ಲಿ ಆಕಳು, ತುಳುವರಲ್ಲಿ ಪೆತ್ತ. ಮೈಸೂರು ಸೀಮೆಯ ಮೇಕೆ ಬೇರೆಡೆ ಆಡು. ಇನ್ನೂ ಕರು ಹಾಕದ ಹೆಣ್ಣುಕರುವನ್ನು ಒಂದು ಕಡೆ ಕಡಸು ಎಂದರೆ ಇನ್ನೊಂದು ಕಡೆ ಮಣಕ ಎನ್ನುತ್ತಾರೆ. ವಯಸ್ಸು ರೋಗವನ್ನು ಗುರುತಿಸಲು ದೊಡ್ಡ ಸುಳಿವಾದ್ದರಿಂದ ಈ ಕೊನೆಯ ಪದಗಳನ್ನು ತಪ್ಪದೆ ಕಲಿತುಕೊಳ್ಳಬೇಕು. ಕುರಿಗಾರರೊಡನೆ ಮಾತನಾಡುವಾಗ ಉಣ್ಣೆ ಎಂಬ ಪದದ ಬಗ್ಗೆಯೂ ಎಚ್ಚರವಿರಲಿ, ಏಕೆಂದರೆ ಕುರಿಯ ತುಪ್ಪಟವೂ ಉಣ್ಣೆ, ರಕ್ತ ಹೀರುವ ಕೀಟವೂ ಉಣ್ಣೆ. ಕರಾವಳಿ ಮತ್ತು ಮಲೆನಾಡಿನಲ್ಲಿ ಆ ಕೀಟವನ್ನು ಉಣುಗು ಎನ್ನುವುದರಿಂದ ಅಲ್ಲಿ ಈ ಗೊಂದಲ ಕಡಿಮೆ.

ಕಾಯಿಲೆ ಎಂಬ ಅರ್ಥದ ಪದಗಳೂ ಸೀಮೆಯಿಂದ ಸೀಮೆಗೆ ಬದಲಾಗುತ್ತವೆ. ಬಯಲುಸೀಮೆಯ ಉತ್ತರ ಭಾಗದಲ್ಲಿ ಬೇನೆ, ಜಡ್ಡು ಎಂದರೆ ಯಾವುದೇ ಕಾಯಿಲೆ. ಮೈಸೂರು ಕಡೆಯವರಿಗೆ ಜಡ್ಡು ಎಂದರೆ ನೊಗ ತಾಗಿ ಗಟ್ಟಿಯಾದ ಚರ್ಮ ನೆನಪಾಗಬಹುದು, ಬೇನೆ ಎಂದರೆ ಈಯುವ ನೋವೆಂದು ತೋರಬಹುದು. ಹಾಗಾಗಿ ‘ಆಕಳಿಗೆ ಬೇನೆ ಬಂದೈತ್ರಿ’ ಎಂದು ಫೋನಿನಲ್ಲಿ ಹೇಳಿದರೆ, ಗಬ್ಬದ ಆಕಳೋ ಅಲ್ಲವೋ ಎಂಬುದೇ ನಿಮ್ಮ ಮೊದಲ ಪ್ರಶ್ನೆಯಾಗಲಿ.

ಅಂಗವನ್ನು ಹೇಳುವ ಹೆಸರುಗಳು ಬಹಳ ಉಪಯುಕ್ತ. ಚಪ್ಪೆ ಎಂದರೆ ಸೊಂಟದ ಪಕ್ಕದ, ತೊಡೆ ಕೂಡುವ ಭಾಗ. ಚಪ್ಪೆರೋಗದಲ್ಲಿ ಹೆಚ್ಚಾಗಿ ಅಲ್ಲಿಯೇ ಬಾವು ಬರುತ್ತದೆ. ಕರಾವಳಿಯವರಿಗೆ ಚಪ್ಪೆ ಎಂದರೆ ಉಪ್ಪಿಲ್ಲದ ಅಡುಗೆ ನೆನಪಾಗುವುದರಿಂದ ಅಲ್ಲಿ ಈ ಹೆಸರನ್ನು ಬಿಡಿಸಿ ಹೇಳಬೇಕಾಗುತ್ತದೆ. ಬಾವಿನ ಮೇಲೆ ಬೆರಳಿಟ್ಟು ಮೆಲ್ಲಗೆ ಒತ್ತಿ ನೋಡಿ. ಚರ್ಮದ ಅಡಿಯಲ್ಲಿ ಗಾಳಿ ತುಂಬಿದಂತೆ ಚರಚರ ಎಂದರೆ, ರಾಸು ಆರು ತಿಂಗಳಿಂದ ಎರಡು ವರ್ಷದೊಳಗಿನದಾಗಿ ಮೈತುಂಬಿಕೊಂಡಿದ್ದರೆ, ಮಳೆಗಾಲವೂ ಆರಂಭವಾಗಿದ್ದರೆ ರೈತರಿಟ್ಟ ಹೆಸರು ಬಹುಮಟ್ಟಿಗೆ ಸರಿಯೆಂದು ತಿಳಿಯಬಹುದು. ಮೊದಮೊದಲು ಬಿಸಿಯಾಗಿ ನೋಯುವ ಆ ಬಾವು ತಾಸುಗಳು ಕಳೆದಂತೆ ತಣ್ಣಗಾಗಿ ಸ್ಪರ್ಶವನ್ನೇ ಕಳೆದುಕೊಳ್ಳುತ್ತದೆ. ನೋವು ಇಳಿಯಿತೆಂದು ಸಮಾಧಾನಪಡುವಂತಿಲ್ಲ.

ಗಳಲೆ ರೋಗಕ್ಕೆ ಗಂಟಲು ಬೇನೆ ಎಂಬ ಹೆಸರೂ ಇದೆ. ಗಂಟಲ ಕೆಳಗೆ ಬಾವು, 104 ಡಿಗ್ರಿ ದಾಟಿದ ಜ್ವರ, ಗೊರಗೊರ ಉಸಿರು, ಒಂದೆರಡು ದಿನದೊಳಗೆ ಸಾವು, ಇವು ಅದರ ಗುರುತುಗಳು. ಎಮ್ಮೆಗಳಿಗೆ ಇದು ಇನ್ನೂ ತೀವ್ರವಾಗಿ ತಗಲುತ್ತದೆ. ಆದರೆ ಯಕೃತ್ತಿನಲ್ಲಿ ಚಪ್ಪಟೆ ಹುಳುಗಳು ಸೇರಿಕೊಂಡ ಕುರಿ, ದನಗಳಲ್ಲಿಯೂ ಗದ್ದದ ಕೆಳಗೆ ನೀರು ತುಂಬಿ ಜೋಲುತ್ತದೆ, ಅದನ್ನೂ ಗಂಟಲು ಬಾವು ಎಂದೇ ಜನ ಹೇಳುತ್ತಾರೆ. ಇವೆರಡನ್ನು ಕೈಯಿಂದ ಮುಟ್ಟಿಯೇ ಬೇರ್ಪಡಿಸಬಹುದು: ಗಳಲೆಯ ಬಾವು ಬಿಸಿ, ಮುಟ್ಟಿದರೆ ರಾಸು ನೋವಿನಿಂದ ತಲೆ ಕೊಡವುತ್ತದೆ, ಹುಳುಬಾಧೆಯ ಬಾವು ತಣ್ಣಗಿದ್ದು, ಒತ್ತಿದರೆ ಬೆರಳಿನ ಗುಳಿ ಉಳಿಯುತ್ತದೆ, ರಾಸು ವಾರಗಳಿಂದ ಸೊರಗುತ್ತಾ ಬಂದಿರುತ್ತದೆ. ಗಳಲೆಯದು ಗಂಟೆಗಳ ಲೆಕ್ಕದ ತುರ್ತು, ಹುಳುಬಾಧೆಗೆ ಜಂತುನಾಶಕ ಬೇಕು.

ಚಪ್ಪೆ, ಗಳಲೆ, ನೆರಡಿ ಮೂರರಲ್ಲೂ ದನ ಹಠಾತ್ತಾಗಿ ಸಾಯಬಹುದಾದ್ದರಿಂದ ಒಂದರ ಹೆಸರು ಇನ್ನೊಂದಕ್ಕೆ ಅಂಟಿಕೊಳ್ಳುವುದು ಸಹಜ. ಇಲ್ಲಿ ಹೆಸರಿನ ತಪ್ಪು ಮನುಷ್ಯರ ಜೀವಕ್ಕೇ ಬರಬಹುದು. ನೆರಡಿ ಎಂದರೆ ಆಂಥ್ರಾಕ್ಸ್. ನಿನ್ನೆಯವರೆಗೆ ಮೇಯುತ್ತಿದ್ದ ರಾಸು ಸತ್ತು, ಹೊಟ್ಟೆ ಬೇಗ ಉಬ್ಬಿ, ಮೂಗು, ಬಾಯಿ, ಗುದದ್ವಾರಗಳಿಂದ ಹೆಪ್ಪುಗಟ್ಟದ ಕಪ್ಪು ರಕ್ತ ಒಸರುತ್ತಿದ್ದರೆ, ಊರವರು ಅದನ್ನು ಏನೆಂದು ಕರೆದರೂ ಶವವನ್ನು ಕೊಯ್ಯಬೇಡಿ, ಚರ್ಮ ಸುಲಿಯಬೇಡಿ, ಮಾಂಸ ಹಂಚಲು ಬಿಡಬೇಡಿ. ಗಾಳಿಗೆ ತೆರೆದುಕೊಂಡ ಈ ರೋಗಾಣು ಬೀಜಕಣವಾಗಿ ಮಣ್ಣಿನಲ್ಲಿ ದಶಕಗಳ ಕಾಲ ಬದುಕಿರಬಲ್ಲದು. ಪಶುವೈದ್ಯರು ಕಿವಿಯ ರಕ್ತನಾಳದಿಂದ ಒಂದು ಹನಿ ತೆಗೆದು ಗಾಜಿನ ಪಟ್ಟಿಯ ಮೇಲೆ ಸವರಿ ಪರೀಕ್ಷಿಸುತ್ತಾರೆ. ಆಮೇಲೆ ಆಳವಾದ ಗುಂಡಿಯಲ್ಲಿ ಸುಣ್ಣ ಸುರಿದು ಹೂಳಿಸಬೇಕು.

ಕೆಲವು ಹೆಸರುಗಳು ದಾರಿ ತಪ್ಪಿಸುತ್ತವೆ. ಹಾಲು ಜ್ವರದಲ್ಲಿ ಜ್ವರವೇ ಇರುವುದಿಲ್ಲ. ಕರು ಹಾಕಿದ ಎರಡು ಮೂರು ದಿನದೊಳಗೆ, ಹೆಚ್ಚು ಹಾಲು ಕೊಡುವ ಹಸು ಕಿವಿ ತಣ್ಣಗಾಗಿ, ಕತ್ತನ್ನು ಪಕ್ಕೆಗೆ ತಿರುಗಿಸಿ ಮಲಗಿಬಿಡುತ್ತದೆ. ರಕ್ತದಲ್ಲಿ ಸುಣ್ಣದಂಶ ಕುಸಿದಿರುವುದೇ ಕಾರಣ. ಹೆಸರನ್ನು ನಂಬಿ ಜ್ವರದ ಮಾತ್ರೆ ಅರೆದು ಕುಡಿಸಿದರೆ ನುಂಗಲಾಗದ ಹಸುವಿನ ಶ್ವಾಸಕೋಶಕ್ಕೆ ಅದು ಇಳಿಯುತ್ತದೆ. ಪಶುವೈದ್ಯರು ನಿಧಾನವಾಗಿ ರಕ್ತನಾಳಕ್ಕೆ ಕ್ಯಾಲ್ಸಿಯಂ ಕೊಟ್ಟರೆ ಅದೇ ಹಸು ಸ್ವಲ್ಪ ಹೊತ್ತಿನಲ್ಲಿ ಎದ್ದು ನಿಲ್ಲುವುದುಂಟು. 1957ರಲ್ಲಿ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನ ಸುತ್ತ ಪತ್ತೆಯಾದ, ಮನುಷ್ಯರಿಗೂ ಬರುವ ಮಂಗನ ಕಾಯಿಲೆಯ ಹೆಸರೂ ಹೀಗೆಯೇ: ಸತ್ತ ಮಂಗಗಳು ಎಚ್ಚರಿಕೆಯ ಗುರುತು, ರೋಗ ದಾಟಿಸುವುದು ಉಣುಗು.

ಬಾಯಿಹುಣ್ಣಿನ ರೋಗಗಳಲ್ಲಿ ಹೆಸರುಗಳು ಇನ್ನೂ ಕಲಸಿಹೋಗಿವೆ. ಬಾಯಿಯಲ್ಲೂ ಗೊರಸಿನ ಸಂದಿನಲ್ಲೂ ಗುಳ್ಳೆ ಎದ್ದು, ಜೊಲ್ಲು ಸುರಿಸುತ್ತಾ ಕುಂಟುವ ದನಕ್ಕೆ ಕಾಲುಬಾಯಿ ಜ್ವರ ಎಂಬ ಹೆಸರು ಸರಿಹೊಂದುತ್ತದೆ. ಕುರಿ ಕುಂಟಿ, ತುಟಿ ಮುಖ ಊದಿಕೊಂಡಾಗಲೂ ಅದೇ ಹೆಸರು ಹೇಳುತ್ತಾರೆ. ಅದು ಕಚ್ಚುವ ಸಣ್ಣ ನೊಣಗಳಿಂದ ಹರಡುವ ನೀಲಿ ನಾಲಿಗೆ ರೋಗವಾಗಿರಬಹುದು. ಕಾಲಿಗೆ ಏನೂ ಆಗದೆ ಕಣ್ಣು, ಮೂಗು ಸುರಿದು, ಬಾಯಿಹುಣ್ಣಿನೊಡನೆ ಭೇದಿಯೂ ಇದ್ದರೆ ಆಡು ಕುರಿಗಳ ಹಿರೇಬೇನೆಯನ್ನು (ಪಿಪಿಆರ್) ಶಂಕಿಸಬೇಕು. ಹಿರಿಯರು ದನಕ್ಕೆ ದೊಡ್ಡರೋಗ ಎಂದರೆ ಅವರ ನೆನಪಿನಲ್ಲಿರುವುದು ರಿಂಡರ್‌ಪೆಸ್ಟ್. 2011ರಲ್ಲಿ ಅದು ಜಗತ್ತಿನಿಂದಲೇ ನಿರ್ಮೂಲವಾಯಿತೆಂದು ಘೋಷಿಸಲಾಗಿದೆ, ಆದ್ದರಿಂದ ಇಂದು ಆ ಹೆಸರು ಕೇಳಿಬಂದರೆ ಬೇರೆ ರೋಗವನ್ನೇ ಹುಡುಕಬೇಕು.

ಅಮ್ಮ, ಮೈಲಿ ಎಂಬ ಹೆಸರುಗಳಿಗೆ ಮೈಮೇಲೆ ಏಳುವ ಯಾವುದೇ ಗುಳ್ಳೆ, ಗಂಟು ಸಾಕು. ಕುರಿ ಸಿಡುಬು, ಕೋಳಿ ಸಿಡುಬು, ದನಗಳ ಚರ್ಮಗಂಟು ರೋಗ ಬೇರೆ ಬೇರೆ ವೈರಾಣುಗಳಿಂದ ಬರುತ್ತವೆ. ಅಮ್ಮ ಎಂದು ಭಾವಿಸಿದ ಮನೆಯವರ ನಂಬಿಕೆಯನ್ನು ಹೀಗಳೆಯಬಾರದು. ಹೀಗಳೆದರೆ ಮುಂದಿನ ಸಲ ಅವರು ಕರೆಯುವುದೇ ಇಲ್ಲ. ಪೂಜೆ ನಡೆಯಲಿ, ರಾಸನ್ನು ಬೇರೆ ಕಟ್ಟಿ, ಪಶುವೈದ್ಯರಿಗೂ ತೋರಿಸಿ ಎಂದು ಹೇಳುವುದು ಕೆಲಸಕ್ಕೆ ಬರುವ ಮಾತು. ಕಂದು ರೋಗ (ಬ್ರುಸೆಲ್ಲೋಸಿಸ್) ಎಂದಾಗಲಂತೂ ಮನೆಯವರ ಆರೋಗ್ಯವನ್ನೂ ವಿಚಾರಿಸಿ: ಗಬ್ಬ ಕಳಚುವ ಈ ರೋಗ ಹಸಿ ಹಾಲು ಮತ್ತು ಕಂದು (ಕಳಚಿ ಬಿದ್ದ ಕರು), ಸತ್ತೆ (ಮಾಸು) ಎತ್ತುವ ಕೈಗಳ ಮೂಲಕ ಮನುಷ್ಯರಿಗೂ ಬರುತ್ತದೆ.

ಕೇಳುವಾಗ ‘ಕಾಲುಬಾಯಿಯೇ ತಾನೆ?’ ಎಂದು ಹೆಸರನ್ನು ನೀವೇ ಒದಗಿಸಬೇಡಿ, ಹೌದೆಂಬ ಉತ್ತರವೇ ಬರುತ್ತದೆ. ‘ಮೊದಲು ಏನು ಕಂಡಿರಿ, ಎಲ್ಲಿ ಊದಿದೆ, ಎಷ್ಟು ದಿನವಾಯಿತು, ಅಕ್ಕಪಕ್ಕದವರ ದನಗಳು ಹೇಗಿವೆ, ಲಸಿಕೆ ಯಾವಾಗ ಹಾಕಿಸಿದ್ದೀರಿ’ ಎಂದು ಕೇಳಿ, ಕೊನೆಯಲ್ಲಿ ‘ನಿಮ್ಮ ಕಡೆ ಇದಕ್ಕೆ ಏನಂತೀರಿ’ ಎನ್ನಿ. ದಾಖಲೆ ಪುಸ್ತಕದಲ್ಲಿ ಅವರ ಮಾತನ್ನು ಅವರು ನುಡಿದಂತೆಯೇ ಬರೆದು, ಪಕ್ಕದಲ್ಲಿ ಕಂಡ ಲಕ್ಷಣಗಳನ್ನೂ ಊರಿನ ಹೆಸರನ್ನೂ ಸೇರಿಸಿ, ಪ್ರಯೋಗಾಲಯದ ವರದಿ ಬಂದ ಮೇಲೆ ತುಂಬಲು ಒಂದು ಅಂಕಣ ಖಾಲಿ ಬಿಡಿ. ತುರ್ತಿದ್ದಾಗ 1962ಕ್ಕೆ ಕರೆ ಮಾಡಿ ಸಂಚಾರಿ ಪಶುಚಿಕಿತ್ಸಾ ವಾಹನವನ್ನು ಕೇಳುವಾಗಲೂ ಊರ ಹೆಸರಿನ ಜೊತೆಗೆ ರಾಸಿನ ವಯಸ್ಸು, ಗಬ್ಬ, ಜ್ವರ, ಬಾವಿನ ಜಾಗ ಇಷ್ಟನ್ನು ತಿಳಿಸಿ.