ರೆಕಾರ್ಡ್ ಕಂಪನಿಯ ಹಂಗಿಲ್ಲದೆ ರೆಗೇ (ಜಮೈಕಾದ ಜನಪ್ರಿಯ ಸಂಗೀತ ಶೈಲಿ) ಹಾಡು ಹೊರತರುವುದು ಹೇಗೆ?

ನಾನು ಬೇಸ್ ಗಿಟಾರ್ ನುಡಿಸುವವನು. ಹಾಗಾಗಿ ಮೊದಲು ಬೇಸ್ ಸರಿಮಾಡಿಕೊಳ್ಳಿ ಅಂತಲೇ ಹೇಳುತ್ತೇನೆ. ರೆಗೇಯ ಮುಖ್ಯ ತಾಳ ವನ್ ಡ್ರಾಪ್. ಅದರ ನಾಲ್ಕು ಪೆಟ್ಟುಗಳಲ್ಲಿ ಮೊದಲನೆಯದಕ್ಕೆ ಡ್ರಮ್ ಸುಮ್ಮನಿರುತ್ತದೆ. ಕಿಕ್ (ಕಾಲಿನಿಂದ ನುಡಿಸುವ ದೊಡ್ಡ ಡ್ರಮ್) ಬೀಳುವುದು ಮೂರನೆಯದಕ್ಕೆ. ಗಿಟಾರ್ ಎರಡು, ನಾಲ್ಕರ ಮೇಲೆ ಚುಟುಕಾಗಿ ಬರಬೇಕು. ಆ ಖಾಲಿ ಜಾಗ ತುಂಬಲು ಕೈ ತುರಿಸುತ್ತದೆ ಅಲ್ವಾ? ತುಂಬಬೇಡಿ. ಡ್ರಮ್ಮರ್ ಜೊತೆ ಕೂತು ಬರೀ ಇದನ್ನೇ ಅಭ್ಯಾಸ ಮಾಡಿ.

ರೆಕಾರ್ಡ್ ಮಾಡುವಾಗ ಪ್ರತಿ ವಾದ್ಯವನ್ನೂ ಬೇರೆ ಟ್ರ್ಯಾಕ್‌ನಲ್ಲಿ ಇಟ್ಟುಕೊಳ್ಳಿ. ಆಮೇಲೆ ಗಾಯಕರ ದನಿಯನ್ನು ತೆಗೆದುಹಾಕಿ, ಎಕೋ, ರಿವರ್ಬ್ (ಗುಂಯ್‌ಗುಡುವ ಪರಿಣಾಮ) ಸೇರಿಸಿದರೆ ಡಬ್ ಅನ್ನುವ, ವಾದ್ಯಗಳೇ ಮುಖ್ಯವಾದ ರೂಪವೂ ಸಿಗುತ್ತದೆ. 1970ರ ದಶಕದಲ್ಲಿ ಜಮೈಕಾದ ಕಿಂಗ್‌ಸ್ಟನ್‌ನ ಸೌಂಡ್ ಎಂಜಿನಿಯರ್ ಕಿಂಗ್ ಟಬ್ಬಿ ಮಿಕ್ಸಿಂಗ್ ಬೋರ್ಡನ್ನೇ ವಾದ್ಯ ಮಾಡಿಕೊಂಡದ್ದು ಹೀಗೆ. ಅದೇ ರಿಡಿಮ್ (ಹಾಡಿನ ಬೇಸ್, ಡ್ರಮ್ ಇರುವ ವಾದ್ಯಭಾಗ) ಮೇಲೆ ಬೇರೆ ಗಾಯಕರನ್ನೂ ಹಾಡಿಸಬಹುದು. ಜಮೈಕಾದಲ್ಲಿ ಇದು ಹಳೆಯ ರೂಢಿ.

ಇನ್ನು ದುಡ್ಡು. ಯಾರ ಪಾಲು ಎಷ್ಟು ಅಂತ ಬಿಡುಗಡೆಗೆ ಮೊದಲೇ ಬರೆದು ಸಹಿ ಹಾಕಿಸಿ. ಗೆಳೆಯರಾದರೆ ತಪ್ಪದೆ ಹಾಕಿಸಿ. ರೆಕಾರ್ಡಿಂಗ್‌ಗೆ 12 ಅಕ್ಷರ, ಅಂಕಿಗಳ ಐಎಸ್‌ಆರ್‌ಸಿ ಕೋಡ್ (ಪ್ರತಿ ರೆಕಾರ್ಡಿಂಗ್ ಅನ್ನು ಗುರುತಿಸುವ ಅಂತರರಾಷ್ಟ್ರೀಯ ಸಂಕೇತ) ಪಡೆಯಿರಿ. ರಾಯಲ್ಟಿ ಸಂಗ್ರಹಿಸುವ ಸಂಸ್ಥೆಯಲ್ಲಿ ಹಾಡನ್ನು ನೋಂದಾಯಿಸಿ. ಸ್ಟ್ರೀಮಿಂಗ್‌ನಿಂದ ನನಗೆ ಬರುವುದು ಚಿಲ್ಲರೆ; ಜಾಸ್ತಿ ಬರುವುದು ವೇದಿಕೆ ಕಾರ್ಯಕ್ರಮಗಳಿಂದ, ಟೀ ಶರ್ಟ್ ಮಾರಾಟದಿಂದ. ಕಾರ್ಯಕ್ರಮ ಒಪ್ಪುವ ಮುಂಚೆ ಬೇಸ್ ದನಿ ಕೇಳಿಸುವ ಸಬ್‌ವೂಫರ್ ಸ್ಪೀಕರ್ ಇದೆಯಾ ಅಂತ ಕೇಳಿ. ಇಲ್ಲ ಅಂದರೆ ನಾನಂತೂ ಹೋಗುವುದಿಲ್ಲ.