ಅಳಿಸುವ ಮೊದಲು ಸೇವ್ ಎಲ್ಲಿದೆ ಎಂದು ಹುಡುಕುತ್ತೇನೆ

ಬದಿಯಡ್ಕದ ನನ್ನ ಅಂಗಡಿಯಲ್ಲಿ ಮುಖ್ಯ ಕೆಲಸ ಮೊಬೈಲ್ ದುರಸ್ತಿ. ಒಡೆದ ಪರದೆ, ಊದಿದ ಬ್ಯಾಟರಿ, ನೀರು ಕುಡಿದ ಬೋರ್ಡು ಇವುಗಳ ನಡುವೆ ಆಗಾಗ ಕೈಯಲ್ಲಿ ಹಿಡಿದು ಆಡುವ ಗೇಮ್ ಸಾಧನಗಳೂ ಬಂದು ಕೂರುತ್ತವೆ. ಗಲ್ಫ್‌ನಲ್ಲಿ ದುಡಿಯುವವರು ಇಷ್ಟೊಂದು ಮಂದಿ ಇರುವ ಕಾಸರಗೋಡಿನಲ್ಲಿ ಇದು ಆಶ್ಚರ್ಯವೇನಲ್ಲ. ರಜೆಗೆ ಬರುವವರ ಪೆಟ್ಟಿಗೆಯಲ್ಲಿ ಅತ್ತರು, ಖರ್ಜೂರದ ಜೊತೆ ಅಲ್ಲಿನ ಮಕ್ಕಳು ಆಡಿ ಬಿಟ್ಟ ಗೇಮ್ ಬಾಯ್, ಪಿಎಸ್‌ಪಿ, ಸ್ವಿಚ್ ಕೂಡ ಇರುತ್ತವೆ. ಇಲ್ಲಿ ಅದನ್ನು ಪಡೆದ ಹುಡುಗ ಆನ್ ಮಾಡಿ ನೋಡಿದರೆ ಇನ್ನೊಬ್ಬನ ಹೆಸರು, ಇನ್ನೊಬ್ಬ ಗೆದ್ದ ಆಟ. ಆಗ ನನ್ನಲ್ಲಿಗೆ ಬರುತ್ತಾನೆ. "ಅಣ್ಣ, ಇದನ್ನೆಲ್ಲ ಅಳಿಸಿ ಕೊಡಿ, ನಾನು ಮೊದಲಿನಿಂದ ಆಡಬೇಕು."

ಅಳಿಸುವ ಗುಂಡಿ ಯಾವುದು ಎಂದು ನಾನು ಮೊದಲು ಯೋಚಿಸುವುದಿಲ್ಲ. ಆ ಸೇವ್, ಅಂದರೆ ಆಡಿದವನು ಆಟದಲ್ಲಿ ಎಲ್ಲಿಯವರೆಗೆ ಬಂದಿದ್ದ ಎಂದು ಉಳಿಸಿಟ್ಟ ದಾಖಲೆ, ಎಲ್ಲಿ ಕುಳಿತಿದೆ ಎಂದು ನೋಡುತ್ತೇನೆ. ಆಟ ತುಂಬಿ ಬರುವ ಕ್ಯಾಸೆಟ್ಟಿನ ಒಳಗೋ, ಸಾಧನದ ಸ್ವಂತ ಮೆಮೊರಿಯಲ್ಲೋ, ಮೆಮೊರಿ ಕಾರ್ಡಿನಲ್ಲೋ, ಇಂಟರ್ನೆಟ್ಟಿನಾಚೆ ಯಾವುದೋ ಸರ್ವರಿನಲ್ಲೋ? ಇದು ತಿಳಿಯದೆ ಸಾಧನವನ್ನು ಫ್ಯಾಕ್ಟರಿ ರೀಸೆಟ್ ಮಾಡಿ, ಕ್ಯಾಸೆಟ್ಟಿನಲ್ಲಿದ್ದ ಸೇವ್ ಹಾಗೆಯೇ ಉಳಿದಿರುವುದನ್ನು ಕಂಡು ತಲೆ ಕೆರೆದುಕೊಂಡು ಬರುವವರು ಇದ್ದಾರೆ. ಅಳಿಯಬೇಕಾದದ್ದು ಅಳಿಯದೆ, ಅಳಿಯಬಾರದ ಫೋಟೋಗಳು ಹೋದವರೂ ಇದ್ದಾರೆ.

ಹಳೆಯ ಗೇಮ್ ಬಾಯ್‌ನಿಂದ ಆರಂಭಿಸುತ್ತೇನೆ, ಏಕೆಂದರೆ ನನಗೆ ಹೆಚ್ಚು ಖುಷಿ ಕೊಡುವ ಕೆಲಸ ಅಲ್ಲೇ ಇದೆ. 1989ರಲ್ಲಿ ಬಂದ ಈ ಯಂತ್ರದ ಒಳಗೆ ಸೇವ್ ಇಡಲು ಜಾಗವೇ ಇಲ್ಲ. ಉಳಿಯುವುದೆಲ್ಲ ಕ್ಯಾಸೆಟ್ಟಿನಲ್ಲಿ. ಕೆಲವು ಆಟಗಳಲ್ಲಿ ಅಳಿಸುವ ವ್ಯವಸ್ಥೆ ಕಣ್ಣೆದುರೇ ಇರುತ್ತದೆ. 1993ರ ಜೆಲ್ಡಾ ಆಟ ಲಿಂಕ್ಸ್ ಅವೇಕನಿಂಗ್‌ನಲ್ಲಿ ಆಟಗಾರನ ಹೆಸರು ಆರಿಸುವ ಪರದೆಯಲ್ಲಿಯೇ ನಕಲು ಮಾಡುವ, ಅಳಿಸುವ ಆಯ್ಕೆಗಳಿವೆ. ಪೋಕೆಮಾನ್ ಆಟಗಳಲ್ಲಿ ಹಾಗಿಲ್ಲ. ರೆಡ್, ಬ್ಲೂ, ಗೋಲ್ಡ್, ಸಿಲ್ವರ್ ಯಾವುದನ್ನು ತೆಗೆದುಕೊಂಡರೂ ಸೇವ್ ಒಂದೇ ಒಂದು, ಅಳಿಸುವ ಆಯ್ಕೆ ಯಾವ ಪಟ್ಟಿಯಲ್ಲೂ ಕಾಣುವುದಿಲ್ಲ. ಆಟದ ಹೆಸರು ಮೂಡುವ ಪರದೆ ಬಂದಾಗ ದಿಕ್ಕಿನ ಗುಂಡಿಯ ಮೇಲ್ಭಾಗ, ಸೆಲೆಕ್ಟ್ ಮತ್ತು ಬಿ ಈ ಮೂರನ್ನೂ ಒಟ್ಟಿಗೆ ಒತ್ತಬೇಕು. ಉಳಿಸಿದ್ದನ್ನೆಲ್ಲ ತೆಗೆದುಹಾಕಲೇ ಎಂದು ಆಟವೇ ಕೇಳುತ್ತದೆ. ಅಲ್ಲಿ ಬಾಣ ಮೊದಲು 'ಬೇಡ' ಎಂಬುದರ ಮೇಲೆಯೇ ನಿಂತಿರುತ್ತದೆ. ಅವಸರದಲ್ಲಿ ಎ ಒತ್ತಿದರೆ ಏನೂ ಆಗುವುದಿಲ್ಲ. ಬಾಣವನ್ನು ಕೆಳಗಿಳಿಸಿ ಒತ್ತಿದರೆ ಮಾತ್ರ ಸೇವ್ ಹೋಗುತ್ತದೆ, ಮತ್ತೆ ಬರುವುದಿಲ್ಲ. ಸವೆದ ರಬ್ಬರ್ ಪ್ಯಾಡಿನ ಸಾಧನಗಳಲ್ಲಿ ಮೂರು ಗುಂಡಿ ಒಮ್ಮೆಲೇ ಹಿಡಿಯದೆ ಹುಡುಗರು ಸೋತು ಬರುತ್ತಾರೆ. ಆಗ ಸೇವ್ ಅಳಿಸುವುದಕ್ಕೆ ಮೊದಲು ಸಾಧನವನ್ನು ಬಿಚ್ಚಿ ಪ್ಯಾಡು ಒರೆಸುವ ಕೆಲಸ ಬೀಳುತ್ತದೆ.

"ಹೊಸ ಆಟ ಒತ್ತಿದರೆ ಹಳೆಯದು ಹೋಗುವುದಿಲ್ಲವೇ?" ಎಂದು ಕೇಳುವವರು ಬಹಳ. ಒತ್ತಿದ ಮಾತ್ರಕ್ಕೆ ಹೋಗುವುದಿಲ್ಲ. ಹೊಸ ಆಟವನ್ನು ಒಮ್ಮೆ ಉಳಿಸಿದಾಗ ಹಳೆಯದರ ಮೇಲೆ ಹೊಸದು ಬರೆಯಲ್ಪಡುತ್ತದೆ. ಹಳೆಯದು ಅಳಿಯುತ್ತದೆ, ಆಗಬಹುದೇ ಎಂದು ಆಟ ಕೇಳಿಯೇ ಮುಂದುವರಿಯುತ್ತದೆ. ಆದ್ದರಿಂದ ಮನಸ್ಸು ಅರ್ಧವಿರುವವರಿಗೆ ನಾನು ಹೇಳುವುದು ಇಷ್ಟು: ಹೊಸದನ್ನು ಸ್ವಲ್ಪ ಹೊತ್ತು ಆಡಿ ನೋಡಿ, ಉಳಿಸದೆ ಆಫ್ ಮಾಡಿ, ಹಳೆಯದು ಅಲ್ಲೇ ಇರುತ್ತದೆ. ಗೇಮ್ ಬಾಯ್ ನಂತರ ಬಂದ ಡಿಎಸ್ ಸಾಧನದ ಡೈಮಂಡ್, ಪರ್ಲ್ ಪೋಕೆಮಾನ್ ಆಟಗಳಲ್ಲಿ ಹಳೆಯದರ ಮೇಲೆ ಹೊಸದನ್ನು ಉಳಿಸುವ ದಾರಿಯಿಲ್ಲ. ಹಳೆಯ ಸೇವ್ ಇರುವಾಗ ಹೊಸ ಆಟ ಆಡಬಹುದು, ಉಳಿಸಲು ಬಿಡುವುದಿಲ್ಲ. ಗಂಟೆಗಟ್ಟಲೆ ಆಡಿ ಕೊನೆಗೆ ಅದು ತಿಳಿದು ಅತ್ತ ಮಗುವೊಂದನ್ನು ಅದರ ಅಜ್ಜ ನೀರ್ಚಾಲಿನಿಂದ ಇಲ್ಲಿಗೆ ಕರೆದುಕೊಂಡು ಬಂದಿದ್ದರು. ಅಲ್ಲಿಯೂ ಅದೇ ಮೂರು ಗುಂಡಿ. ಅದರ ನಂತರದ 3ಡಿಎಸ್‌ನ ಎಕ್ಸ್, ವೈ ಪೋಕೆಮಾನ್ ಆಟಗಳಲ್ಲಿ ಸೆಲೆಕ್ಟ್‌ನ ಬದಲು ಎಕ್ಸ್ ಗುಂಡಿ.

ಇನ್ನು ಕ್ಯಾಸೆಟ್ಟಿನೊಳಗಿನ ಸೆಲ್ಲಿನ ಮಾತು. ರೆಡ್, ಬ್ಲೂ, ಗೋಲ್ಡ್, ಸಿಲ್ವರ್‌ಗಳಲ್ಲಿ ಸೇವ್ ನಿಂತಿರುವುದು ವಿದ್ಯುತ್ ತಪ್ಪಿದರೆ ಎಲ್ಲವನ್ನೂ ಮರೆಯುವ ಜಾತಿಯ ಮೆಮೊರಿಯಲ್ಲಿ. ಅದಕ್ಕೆ ಸದಾ ಚೂರು ವಿದ್ಯುತ್ ಕೊಡುತ್ತಿರುವುದು ಮೂರು ವೋಲ್ಟಿನ ಒಂದು ಬಟನ್ ಸೆಲ್. ಗೋಲ್ಡ್, ಸಿಲ್ವರ್‌ನಲ್ಲಿ ಅದೇ ಸೆಲ್ ಹಗಲು ರಾತ್ರಿಯ ಗಡಿಯಾರವನ್ನೂ ಓಡಿಸುತ್ತದೆ, ಹಾಗಾಗಿ ಬೇಗ ಸೋಲುತ್ತದೆ. ಸೆಲ್ ಸತ್ತ ಕ್ಯಾಸೆಟ್ಟಿನಲ್ಲಿ ಅಳಿಸಲು ಏನೂ ಉಳಿದಿರುವುದಿಲ್ಲ, ಉಳಿಸಿದ್ದೂ ನಿಲ್ಲುವುದಿಲ್ಲ. ಸಂಜೆ ಉಳಿಸಿದ್ದು ಬೆಳಗ್ಗೆ ಇಲ್ಲ ಎಂದು ದೂರು ಬಂದರೆ ನಾನು ನೇರವಾಗಿ ಸ್ಕ್ರೂ ಬಿಚ್ಚಿ ಮಲ್ಟಿಮೀಟರ್ ಹಚ್ಚುತ್ತೇನೆ. ಈ ಸ್ಕ್ರೂಗಳಿಗೆ ನಮ್ಮ ಮೊಬೈಲ್ ಸೆಟ್ಟಿನ ಯಾವ ಸ್ಕ್ರೂಡ್ರೈವರೂ ಆಗದು, 3.8 ಮಿಲಿಮೀಟರಿನ ಪ್ರತ್ಯೇಕ ಬಿಟ್ ಬೇಕು. ಅದನ್ನು ನಾನು ಆನ್‌ಲೈನಿನಲ್ಲಿ ತರಿಸಿಕೊಂಡೆ.

ಸೆಲ್ ಬದಲಿಸುವಾಗ ಲೋಹದ ಪಟ್ಟಿ ಅಂಟಿಸಿಯೇ ಬರುವ ಸೆಲ್ಲನ್ನು ಕೊಳ್ಳಿ. ಬರಿಯ ಸೆಲ್ಲಿಗೆ ನೇರವಾಗಿ ಬೆಸುಗೆಯ ಕಾವು ಕೊಡುವುದು ಅಪಾಯ, ಸೆಲ್ ಸಿಡಿಯಬಹುದು. ಟೇಪಿನಲ್ಲಿ ಅಂಟಿಸಿದ ಸೆಲ್ಲುಗಳನ್ನೂ ನೋಡಿದ್ದೇನೆ. ಜೇಬಿನಲ್ಲಿಟ್ಟು ಸೈಕಲ್ ಹೊಡೆದರೆ ಸಾಕು, ಸಂಪರ್ಕ ಒಂದು ಕ್ಷಣ ತಪ್ಪುತ್ತದೆ, ಸೇವ್ ಹೋಗುತ್ತದೆ. ಕೆಲವರಿಗೆ ಇದೇ ಅಳಿಸುವ ಉಪಾಯವಾಗಿಯೂ ತೋರಿದೆ: ಸೆಲ್ ಕಿತ್ತರೆ ಸೇವ್ ಹೋಯಿತಲ್ಲ! ಹೋಗುತ್ತದೆ ನಿಜ. ಆದರೆ ಮೂರು ಗುಂಡಿಯಲ್ಲಿ ಮುಗಿಯುವ ಕೆಲಸಕ್ಕೆ ಬೆಸುಗೆ ಕಬ್ಬಿಣ ಹಿಡಿಯುವುದು ನನ್ನ ಮಟ್ಟಿಗೆ ಸೊಳ್ಳೆಗೆ ಕೋವಿ ಎತ್ತಿದಂತೆ.

ಗೇಮ್ ಬಾಯ್ ಅಡ್ವಾನ್ಸ್‌ನ ರೂಬಿ, ಸಫೈರ್ ಆಟಗಳ ಕಥೆ ಬೇರೆ. ಅವುಗಳಲ್ಲಿ ಸೇವ್ ಇರುವುದು ವಿದ್ಯುತ್ ಇಲ್ಲದೆಯೂ ನಿಲ್ಲುವ ಫ್ಲ್ಯಾಶ್ ಮೆಮೊರಿಯಲ್ಲಿ, ಸೆಲ್ ಗಡಿಯಾರಕ್ಕೆ ಮಾತ್ರ. ಒಳಗಿನ ಬ್ಯಾಟರಿ ಮುಗಿದಿದೆ ಎಂಬ ಸೂಚನೆ ಪರದೆಯಲ್ಲಿ ಬಂದರೆ ಹೆದರಬೇಕಾಗಿಲ್ಲ. ಕಾಲಕ್ಕೆ ಸರಿಯಾಗಿ ನಡೆಯುವ ಘಟನೆಗಳು ನಿಲ್ಲುತ್ತವೆ ಅಷ್ಟೆ, ಆಟವೂ ಸೇವೂ ಕ್ಷೇಮ. ಇದು ಅಸಲಿ ಕ್ಯಾಸೆಟ್ಟಿನ ಮಾತು. ನನ್ನ ಕೈಗೆ ಬರುವ ನಕಲಿಗಳಲ್ಲಿ ಎಷ್ಟೋ ಕಡೆ ಫ್ಲ್ಯಾಶ್ ಇಲ್ಲದೆ ಅಗ್ಗದ ಮೆಮೊರಿ ಮತ್ತು ಸೆಲ್ ಕೂರಿಸಿರುತ್ತಾರೆ. ತೆರೆದು ನೋಡದೆ ಭರವಸೆ ಕೊಡುವುದಿಲ್ಲ.

ಆಟಿ ತಿಂಗಳಲ್ಲಿ ಇನ್ನೊಂದು ತೊಂದರೆ. ಇಲ್ಲಿಯ ಮಳೆಗಾಲದ ತೇವ, ಕುಂಬಳೆ ಉಪ್ಪಳದ ಕಡೆಯಾದರೆ ಅದರ ಜೊತೆ ಕಡಲಿನ ಉಪ್ಪುಗಾಳಿ. ಕ್ಯಾಸೆಟ್ಟಿನ ಚಿನ್ನದ ಬಣ್ಣದ ಕಾಲುಗಳು ಕಪ್ಪಾಗುತ್ತವೆ. ಆಟ ತೆರೆಯುವುದಿಲ್ಲ, ತೆರೆದರೂ ಸೇವ್ ಕಾಣುವುದಿಲ್ಲ. ಸೇವ್ ತಾನಾಗಿಯೇ ಅಳಿದುಹೋಯಿತು ಎಂದು ತೀರ್ಮಾನಿಸಿ ಹೊಸ ಆಟ ಉಳಿಸುವ ಮೊದಲು ಕಿವಿಗೆ ಹಾಕುವ ಹತ್ತಿಕಡ್ಡಿಗೆ ಐಸೋಪ್ರೊಪೈಲ್ ಆಲ್ಕೋಹಾಲ್ ಅದ್ದಿ ಕಾಲುಗಳನ್ನು ಒರೆಸಿ, ಪೂರ್ತಿ ಒಣಗಿದ ಮೇಲೆ ಹಾಕಿ ನೋಡಿ. ಬಾಯಿಯಿಂದ ಊದುವುದು ಬೇಡ. ಉಗುಳಿನ ತೇವವೂ ಅಲ್ಲಿಗೇ ಸೇರುತ್ತದೆ.

ಅಳಿಸುವ ಮೊದಲು ನಕಲು ತೆಗೆದಿಡುವುದು ನನ್ನ ಪದ್ಧತಿ. ಯುಎಸ್‌ಬಿಗೆ ಸಿಕ್ಕಿಸುವ ಕ್ಯಾಸೆಟ್ ರೀಡರ್ ಒಂದನ್ನು ಇಟ್ಟುಕೊಂಡಿದ್ದೇನೆ. ಗೇಮ್ ಬಾಯ್‌ನ ಪೋಕೆಮಾನ್ ಸೇವ್ ಎಂದರೆ ಬರೀ 32 ಕಿಲೋಬೈಟ್. ವಾಟ್ಸಾಪಿನಲ್ಲಿ ಬರುವ ಒಂದು ಶುಭೋದಯದ ಚಿತ್ರಕ್ಕೂ ಅದಕ್ಕಿಂತ ಹೆಚ್ಚು ಜಾಗ ಬೇಕು. ಹಾಗಿರುವಾಗ ಉಳಿಸಿಡದಿರಲು ಕಾರಣವಿಲ್ಲ. ಪೆರ್ಲದ ಕಡೆಯ ಹುಡುಗನೊಬ್ಬ ತನ್ನ ಅಣ್ಣನ ಸಿಲ್ವರ್ ಕ್ಯಾಸೆಟ್ ತಂದಿದ್ದ. ಅಣ್ಣ ಶಾರ್ಜಾದಲ್ಲಿ. "ಅಣ್ಣನನ್ನು ಕೇಳಿದ್ದೀಯಾ?" ಎಂದೆ. "ಅವನು ಈಗ ಆಡುವುದಿಲ್ಲವಲ್ಲ" ಎಂದ. ಅಲ್ಲಿಂದಲೇ ಫೋನ್ ಹಚ್ಚಿಸಿದೆ. ಅಣ್ಣ ಮೊದಲು ನಕ್ಕ, ಆಮೇಲೆ ತಾನು ಶಾಲೆಯಲ್ಲಿದ್ದಾಗ ಆಟದಲ್ಲಿ ಹಿಡಿದ ಪೋಕೆಮಾನ್ ಪ್ರಾಣಿಗಳ ಹೆಸರನ್ನು ಒಂದೊಂದಾಗಿ ಕೇಳತೊಡಗಿದ. ತಮ್ಮ ಪರದೆ ನೋಡಿ ಓದುತ್ತಾ ಹೋದ. ಸೇವ್ ನಕಲಾಗಿ ಅಣ್ಣನ ಮೊಬೈಲಿಗೆ ಹೋಯಿತು, ಕ್ಯಾಸೆಟ್ಟು ತಮ್ಮನಿಗೆ ಖಾಲಿಯಾಯಿತು. ಅಂದಿನಿಂದ ಒಡಹುಟ್ಟಿದವರ ಕ್ಯಾಸೆಟ್ಟಾದರೆ ಫೋನ್ ಮಾಡದೆ ಮುಟ್ಟುವುದಿಲ್ಲ. ಈ ರೀಡರಿನ ಇನ್ನೊಂದು ಉಪಯೋಗವೆಂದರೆ ಸೆಲ್ ಬದಲಿಸುವಾಗ ಹೋಗುವ ಸೇವನ್ನು ಆಮೇಲೆ ಮರಳಿ ತುಂಬಬಹುದು.

ಪಿಎಸ್‌ಪಿ ಸುಲಭ. ಅದರ ಯುಎಂಡಿ ಡಿಸ್ಕಿನ ಮೇಲೆ ಏನನ್ನೂ ಬರೆಯಲಾಗದು, ಸೇವ್ ಎಲ್ಲ ಮೆಮೊರಿ ಸ್ಟಿಕ್ಕಿನಲ್ಲಿ. ಮುಖ್ಯ ಪಟ್ಟಿಯ ಗೇಮ್ ವಿಭಾಗದಲ್ಲಿ ಉಳಿಸಿದ ದತ್ತಾಂಶದ ಆಯ್ಕೆಯಿದೆ. ಬೇಕಾದ ಆಟದ ಮೇಲೆ ನಿಂತು ತ್ರಿಕೋನದ ಗುಂಡಿ ಒತ್ತಿದರೆ ಅಳಿಸುವ ಆಯ್ಕೆ ಬರುತ್ತದೆ. ಕಂಪ್ಯೂಟರಿಗೆ ಜೋಡಿಸಿದರೆ ಪಿಎಸ್‌ಪಿ ಎಂಬ ಫೋಲ್ಡರಿನೊಳಗೆ ಸೇವ್‌ಡೇಟಾ ಎಂಬುದಿದೆ, ಅಲ್ಲಿ ಒಂದೊಂದು ಸೇವ್‌ಗೂ ಒಂದೊಂದು ಫೋಲ್ಡರ್. ಹೆಸರುಗಳು ಅಕ್ಷರ ಮತ್ತು ಅಂಕಿಗಳ ಸಾಲು, ಯಾವುದು ಯಾವ ಆಟ ಎಂದು ಹೊಳೆಯುವುದಿಲ್ಲ. ಆದ್ದರಿಂದ ನಕಲು ಕಂಪ್ಯೂಟರಿನಲ್ಲಿ, ಅಳಿಸುವುದು ಸಾಧನದಲ್ಲಿ. ಸ್ಟಿಕ್ಕನ್ನು ಫಾರ್ಮ್ಯಾಟ್ ಮಾಡುವ ಯೋಚನೆ ಮಾತ್ರ ಬೇಡ. ಅದರಲ್ಲಿ ಯಾರದೋ ಮದುವೆಯ ಫೋಟೋಗಳು ಇದ್ದೇ ಇರುತ್ತವೆ.

ನನ್ನ ತಾಳ್ಮೆ ಕೆಡಿಸುವುದು ಈಗ ಹುಡುಗರು ಆನ್‌ಲೈನಿನಲ್ಲಿ ತರಿಸುವ, ಹಳೆಯ ಆಟಗಳನ್ನೆಲ್ಲ ಒಂದೇ ಮೆಮೊರಿ ಕಾರ್ಡಿನಲ್ಲಿ ತುಂಬಿ ಬರುವ ಅಗ್ಗದ ಸಾಧನಗಳು. ಇವುಗಳಲ್ಲಿ ಎಷ್ಟೋ ಒಳಗೆ ರೆಟ್ರೋಆರ್ಚ್ ಎಂಬ ತಂತ್ರಾಂಶದಲ್ಲಿ ನಡೆಯುತ್ತವೆ. "ಅಳಿಸಿದ್ದೇನೆ ಅಣ್ಣ, ಮತ್ತೆ ಬರುತ್ತದೆ" ಎಂಬ ದೂರು ಇವುಗಳದ್ದೇ. ಬರುವುದಕ್ಕೆ ಎರಡು ದಾರಿಗಳಿವೆ. ಆಟ ತೆರೆದಿರುವಾಗಲೇ ಸೇವ್ ಫೈಲನ್ನು ಅಳಿಸಿದರೆ, ಆಟ ಮುಚ್ಚುವಾಗ ತಂತ್ರಾಂಶವು ತನ್ನ ನೆನಪಿನಲ್ಲಿ ಇದ್ದದ್ದನ್ನು ಹೊಸದಾಗಿ ಬರೆದುಬಿಡುತ್ತದೆ. ಇದು ಮೊದಲನೆಯದು. ಇನ್ನೊಂದು ಹೆಚ್ಚು ಮೋಸದ್ದು. ಆಟ ಉಳಿಸುವ ಸೇವ್ ಬೇರೆ, ಆಟ ನಿಂತ ಕ್ಷಣವನ್ನು ಇದ್ದ ಹಾಗೆಯೇ ಹಿಡಿದಿಡುವ ಸ್ಟೇಟ್ ಬೇರೆ. ಮೊದಲಿನದು ಎಸ್‌ಆರ್‌ಎಂ ಎಂದು ಮುಗಿಯುವ ಫೈಲು, ಎರಡನೆಯದರ ಹೆಸರಿನ ಕೊನೆಯ ಭಾಗದಲ್ಲಿ ಸ್ಟೇಟ್ ಎಂದಿರುತ್ತದೆ. ತಾನಾಗಿಯೇ ಸ್ಟೇಟ್ ಉಳಿಸುವ, ತಾನಾಗಿಯೇ ತೆರೆಯುವ ಆಯ್ಕೆಗಳು ಆನ್ ಇದ್ದರೆ, ನೀವು ಎಸ್‌ಆರ್‌ಎಂ ಅಳಿಸಿದರೂ ಆಟ ತೆರೆದಾಗ ಹಳೆಯ ಸ್ಟೇಟ್ ಬಂದು ಕೂರುತ್ತದೆ, ತನ್ನೊಳಗಿದ್ದ ಹಳೆಯ ಸೇವನ್ನೂ ಜೊತೆಗೇ ತರುತ್ತದೆ. ನಾನು ಸಾಧನವನ್ನು ಪೂರ್ತಿ ಆಫ್ ಮಾಡಿ, ಕಾರ್ಡು ತೆಗೆದು ಲ್ಯಾಪ್‌ಟಾಪಿಗೆ ಹಾಕಿ, ಆ ಆಟದ ಹೆಸರಿನ ಎರಡೂ ಬಗೆಯ ಫೈಲುಗಳನ್ನು ಹುಡುಕಿ ಒಂದು ಫೋಲ್ಡರಿಗೆ ಎತ್ತಿಡುತ್ತೇನೆ. ಕೆಲವು ಸಾಧನಗಳಲ್ಲಿ ಅವು ಆಟದ ಪಕ್ಕದಲ್ಲೇ ಇರುತ್ತವೆ, ಕೆಲವದರಲ್ಲಿ ಬೇರೆ ಕಡೆ. ಕಾರ್ಡಿನ ತುಂಬ ಆಟದ ಹೆಸರಿನಿಂದಲೇ ಹುಡುಕುವುದು ಉತ್ತಮ.

ಸ್ವಿಚ್ ತಂದವರಿಗೆ ಅಳಿಸುವುದೇ ಬೇಡ ಎಂದು ಹೇಳುವುದು ಹೆಚ್ಚು. ಅದರಲ್ಲಿ ಸೇವ್ ಇರುವುದು ಆಟದ ಕಾರ್ಡಿನಲ್ಲೂ ಅಲ್ಲ, ಮೈಕ್ರೋಎಸ್‌ಡಿಯಲ್ಲೂ ಅಲ್ಲ, ಸಾಧನದ ಒಳ ಮೆಮೊರಿಯಲ್ಲಿ, ಬಳಕೆದಾರನ ಹೆಸರಿಗೆ ಪ್ರತ್ಯೇಕವಾಗಿ. ಎಂಟು ಬಳಕೆದಾರರವರೆಗೆ ಸೇರಿಸಬಹುದು. ತಮ್ಮನಿಗೊಂದು ಹೆಸರು ಸೇರಿಸಿದರೆ ಹೆಚ್ಚಿನ ಆಟಗಳು ಅವನಿಗೆ ಮೊದಲಿನಿಂದಲೇ ಆರಂಭವಾಗುತ್ತವೆ, ಅಕ್ಕನದು ಅಕ್ಕನಿಗೆ ಉಳಿಯುತ್ತದೆ. ಅನಿಮಲ್ ಕ್ರಾಸಿಂಗ್ ಇದಕ್ಕೆ ಹೊರತು. ಒಂದು ಸಾಧನಕ್ಕೆ ಒಂದೇ ದ್ವೀಪ, ಎಲ್ಲರೂ ಅದರಲ್ಲೇ ಬದುಕಬೇಕು. ಅಳಿಸಲೇಬೇಕು ಎಂದಾದರೆ ಸಿಸ್ಟಂ ಸೆಟ್ಟಿಂಗಿನ ದತ್ತಾಂಶ ನಿರ್ವಹಣೆಯ ಭಾಗಕ್ಕೆ ಹೋಗಿ ಆಟ ಮತ್ತು ಬಳಕೆದಾರನನ್ನು ಆರಿಸಬೇಕು. ಆಟವನ್ನೇ ತೆಗೆದುಹಾಕಿದರೆ ಸೇವ್ ಹೋಗುವುದಿಲ್ಲ, ಆಟ ಮರಳಿ ಹಾಕಿದಾಗ ಹಾಗೆಯೇ ಕಾಯುತ್ತಿರುತ್ತದೆ. ಹಣ ಕಟ್ಟಿದ ಆನ್‌ಲೈನ್ ಸದಸ್ಯತ್ವವಿದ್ದರೆ ಅನೇಕ ಆಟಗಳ ನಕಲು ಕ್ಲೌಡಿನಲ್ಲಿಯೂ ಇರುತ್ತದೆ. ಅದನ್ನು ಬೇರೆಯಾಗಿ ಅಳಿಸಬೇಕು.

ಕೆಲಸ ಮುಗಿದ ಮೇಲೆ ಹುಡುಗನ ಕೈಯಲ್ಲೇ ಆಟ ಆರಂಭಿಸುತ್ತೇನೆ. ಅವನ ಹೆಸರು ಬರೆದು ಒಮ್ಮೆ ಉಳಿಸಿ, ಆಫ್ ಮಾಡಿ, ಗೇಮ್ ಬಾಯ್ ಆದರೆ ಕ್ಯಾಸೆಟ್ಟನ್ನು ಹೊರಗೆ ತೆಗೆದು ಮೇಜಿನ ಮೇಲಿಡುತ್ತೇನೆ. ಹುಡುಗ ಪಕ್ಕದ ಹೋಟೆಲಿಗೆ ಹೋಗಿ ನೀರುದೋಸೆ ತಿಂದು ಬರಲಿ. ಬಂದು ಹಾಕಿ ನೋಡಿದಾಗ ಅವನ ಹೆಸರು ಇದ್ದರೆ ಸೆಲ್ಲೂ ಸರಿ, ಅಳಿಸಿದ್ದೂ ಸರಿ. ಗುಂಡಿ ಒತ್ತಿ ಅಳಿಸಿದ್ದಕ್ಕೆ ಹಣ ತೆಗೆದುಕೊಳ್ಳುವುದಿಲ್ಲ. ಸೆಲ್ ಹಾಕಿದರೆ ಸೆಲ್ಲಿನ ಬೆಲೆಯೂ ಬೆಸುಗೆಯ ಕೂಲಿಯೂ ಆಗುತ್ತದೆ, ಅದನ್ನು ಮೊದಲೇ ಹೇಳಿರುತ್ತೇನೆ.